ಗ್ಲಾಕ್‌ನಿಂದ ಚಾಕುವಿನವರೆಗೆ: ಗನ್ ಗೇಮ್ ಆಡುವ ಬಗೆ

ನನ್ನ ಕೌಂಟರಿನ ಹಿಂದಿನ ಗೋಡೆಯ ಮೇಲೆ ಒಂದು ಹಾಳೆ ಅಂಟಿಸಿದ್ದೇನೆ. ಮೇಲಿನಿಂದ ಕೆಳಕ್ಕೆ 23 ಹೆಸರುಗಳು. ಮೊದಲನೆಯದು ಗ್ಲಾಕ್ ಪಿಸ್ತೂಲು, ಕೊನೆಯದು ಚಾಕು. ಎರಡು ಸಲ ಹರಿದಿದೆ, ಎರಡು ಸಲವೂ ಹೊಸದಾಗಿ ಬರೆದಿದ್ದೇನೆ. ಆಡಲು ಬರುವ ಹೊಸ ಹುಡುಗರು ಅದರ ಮುಂದೆ ನಿಂತು ಬೆರಳಿಟ್ಟು ಎಣಿಸುತ್ತಾರೆ. ಹಳಬರಿಗೆ ಅದು ಬಾಯಿಪಾಠ.

ಬಳ್ಳಾರಿಯ ಬ್ರೂಸ್‌ಪೇಟೆಯಲ್ಲಿ ಅಣ್ಣ ಮತ್ತು ನಾನು ಬ್ರೌಸಿಂಗ್ ಸೆಂಟರ್ ತೆರೆದಾಗ ಬರುತ್ತಿದ್ದವರು ಪರೀಕ್ಷೆಯ ಫಲಿತಾಂಶ ನೋಡುವವರು, ಅರ್ಜಿ ತುಂಬಿಸುವವರು, ಊರು ಬಿಟ್ಟ ಮಕ್ಕಳಿಗೆ ಇ-ಮೇಲ್ ಬರೆಸುವವರು. ಎಲ್ಲರ ಕೈಗೂ ಮೊಬೈಲ್ ಬಂದ ಮೇಲೆ ಆ ಗಿರಾಕಿಗಳು ಒಬ್ಬೊಬ್ಬರಾಗಿ ಕರಗಿದರು. ಉಳಿದದ್ದು ಎಂಟು ಹಳೆಯ ಕಂಪ್ಯೂಟರ್, ಅವುಗಳನ್ನು ಜೋಡಿಸುವ ಒಂದು ಸ್ವಿಚ್, ಮತ್ತು ರಜೆಯ ದಿನ ಕೌಂಟರ್ ಸ್ಟ್ರೈಕ್ 1.6 ಎಂಬ ಬಂದೂಕಿನ ಕಾದಾಟದ ಆಟ ಆಡಲು ಬರುವ ಹುಡುಗರು. ಕಾಲೇಜಿನವರು ಕೆಲವರು, ಕೌಲ್ ಬಜಾರಿನ ಜೀನ್ಸ್ ಘಟಕಗಳಲ್ಲಿ ಹೊಲಿಗೆ ಹಾಕುವವರು ಕೆಲವರು. ಎಲ್ಲರೂ ನನ್ನನ್ನು ಅಕ್ಕ ಎನ್ನುತ್ತಾರೆ.

ಆಡುವವನಿಗೆ ತನ್ನ ಪರದೆ ಮಾತ್ರ ಕಾಣುತ್ತದೆ. ಕೌಂಟರಿನಲ್ಲಿ ಕುಳಿತ ನನಗೆ ಎಂಟೂ ಕಾಣುತ್ತವೆ. ಯಾರು ಎಲ್ಲಿ ತಪ್ಪಿದರು, ಯಾರು ಯಾರ ಬೆನ್ನ ಹಿಂದೆ ಬರುತ್ತಿದ್ದಾರೆ, ಗೆಲ್ಲಬೇಕಾದವನು ಯಾವ ಗಳಿಗೆಯಲ್ಲಿ ಗಡಿಬಿಡಿ ಮಾಡಿದ ಎಂಬುದನ್ನೆಲ್ಲ ವರ್ಷಗಟ್ಟಲೆ ನೋಡಿದ್ದೇನೆ. ನಂತರ ನಾನೂ ಆಡಲು ಕಲಿತೆ. ಕಳೆದ ಬೇಸಿಗೆಯಲ್ಲಿ ಅಣ್ಣನ ಮಗಳು, ದ್ವಿತೀಯ ಪಿಯುಸಿ ಓದುವವಳು, “ಅತ್ತೆ, ನನಗೂ ಕಲಿಸಿಕೊಡಿ” ಎಂದಳು. ಅವಳಿಗೆ ಹೇಳಿಕೊಟ್ಟದ್ದನ್ನೇ ಇಲ್ಲಿ ಬರೆಯುತ್ತಿದ್ದೇನೆ.

ಆಟದ ನಿಯಮ

ಗನ್ ಗೇಮ್ ಎಂದರೆ ಕೌಂಟರ್ ಸ್ಟ್ರೈಕ್ ಆಡುವ ಒಂದು ಬಗೆ. ಇದರಲ್ಲಿ ಬಂದೂಕು ಕೊಳ್ಳುವಂತಿಲ್ಲ, ನೆಲದಿಂದ ಎತ್ತಿಕೊಳ್ಳುವಂತಿಲ್ಲ. ಎಲ್ಲರೂ ಒಂದೇ ಬಂದೂಕಿನಿಂದ ಆರಂಭಿಸುತ್ತಾರೆ. ಒಬ್ಬ ಎದುರಾಳಿಯನ್ನು ಬೀಳಿಸಿದರೆ ನೀವು ಒಂದು ಮಟ್ಟ ಮೇಲೇರುತ್ತೀರಿ. ಕೈಯಲ್ಲಿದ್ದ ಬಂದೂಕು ಹೋಗಿ ಪಟ್ಟಿಯಲ್ಲಿ ಅದರ ಮುಂದಿನದು ಬರುತ್ತದೆ. ಸತ್ತರೆ ಮಟ್ಟ ಇಳಿಯುವುದಿಲ್ಲ, ಕೆಲವೇ ಸೆಕೆಂಡಿನಲ್ಲಿ ಮರಳಿ ಹುಟ್ಟುತ್ತೀರಿ. ಚಾಕುವಿನಿಂದ ಯಾರಾದರೂ ನಿಮ್ಮನ್ನು ಕೊಂದರೆ ಮಾತ್ರ ಒಂದು ಮಟ್ಟ ಕಳೆದುಕೊಳ್ಳುತ್ತೀರಿ, ಕೊಂದವರಿಗೆ ಒಂದು ಮಟ್ಟ ಸಿಗುತ್ತದೆ. ಕೊನೆಯ ಮಟ್ಟದಲ್ಲಿ ಕೈಯಲ್ಲಿ ಚಾಕುವೊಂದೇ. ಅದರಿಂದ ಒಬ್ಬನನ್ನು ಮುಗಿಸಿದವರು ಗೆದ್ದಂತೆ.

ನಮ್ಮ ಹಾಳೆಯ ಕ್ರಮ ಹೀಗಿದೆ: ಗ್ಲಾಕ್, ಯುಎಸ್‌ಪಿ, ಪಿ228, ಡೆಸರ್ಟ್ ಈಗಲ್, ಫೈವ್ ಸೆವೆನ್, ಜೋಡಿ ಎಲೀಟ್, ಆಮೇಲೆ ಎಂ3 ಮತ್ತು ಎಕ್ಸ್‌ಎಂ1014 ಎಂಬ ಎರಡು ಶಾಟ್‌ಗನ್, ಟಿಎಂಪಿ, ಮ್ಯಾಕ್10, ಎಂಪಿ5, ಯುಎಂಪಿ45, ಪಿ90, ಗಲೀಲ್, ಫಮಾಸ್, ಎಕೆ47, ಸ್ಕೌಟ್, ಎಂ4ಎ1, ಎಸ್‌ಜಿ552, ಆಗ್, ದೊಡ್ಡ ಮೆಷಿನ್ ಗನ್ ಎಂ249, ನಂತರ ಗ್ರೆನೇಡ್, ಕೊನೆಗೆ ಚಾಕು.

ಈ ಆಟ ಎಲ್ಲಿಂದ ಬಂತು

ಪರದೆಯೊಳಗೆ ಒಬ್ಬರನ್ನೊಬ್ಬರು ಹುಡುಕಿ ಹೊಡೆಯುವ ಆಟದ ಬೇರು 1973ರ ಸುಮಾರಿನ ‘ಮೇಜ್ ವಾರ್’ನಲ್ಲಿದೆ. ಅಮೆರಿಕದ ನಾಸಾ ಏಮ್ಸ್ ಕೇಂದ್ರದ ಇಮ್ಲ್ಯಾಕ್ ಎಂಬ ಕಂಪ್ಯೂಟರ್‌ಗಳಲ್ಲಿ ಹುಟ್ಟಿದ ಅದರಲ್ಲಿ ಎದುರಾಳಿ ಕಣ್ಣುಗುಡ್ಡೆಯ ರೂಪದಲ್ಲಿ ಕಾಣುತ್ತಿದ್ದ. ಇಪ್ಪತ್ತು ವರ್ಷದ ನಂತರ, 1993ರ ಡಿಸೆಂಬರ್ 10ರಂದು, ಐಡಿ ಸಾಫ್ಟ್‌ವೇರ್‌ನ ‘ಡೂಮ್’ ಬಂತು. ನಾಲ್ವರು ನೆಟ್‌ವರ್ಕಿನಲ್ಲಿ ಸೇರಿ ಕಾದಾಡುವ ಅದರ ಬಗೆಗೆ ಡೆತ್‌ಮ್ಯಾಚ್ ಎಂದು ಹೆಸರಿಟ್ಟವರು ಜಾನ್ ರೊಮೆರೊ. ಮೊದಲ ಆವೃತ್ತಿ ತನ್ನ ಸಂದೇಶಗಳನ್ನು ನೆಟ್‌ವರ್ಕಿನ ಎಲ್ಲ ಯಂತ್ರಗಳಿಗೂ ಎರಚುತ್ತಿತ್ತು, ಹಾಗಾಗಿ ಕಚೇರಿಗಳ ನೆಟ್‌ವರ್ಕ್ ಉಸಿರುಗಟ್ಟುತ್ತಿತ್ತು. ಎಂಟು ಯಂತ್ರಗಳಿಗೆ ಒಂದು ಕಳಪೆ ಸ್ವಿಚ್ ಹಾಕಿ ಒಂದು ಇಡೀ ಭಾನುವಾರ ಕಳೆದುಕೊಂಡ ನನಗೆ ಆ ಕಚೇರಿಯವರ ಸಂಕಟ ಚೆನ್ನಾಗಿ ಅರ್ಥವಾಗುತ್ತದೆ.

1996ರಲ್ಲಿ ‘ಕ್ವೇಕ್’ ಬಂದು ಈ ಕಾದಾಟ ಅಂತರ್ಜಾಲಕ್ಕೆ ಏರಿತು. 1998ರಲ್ಲಿ ಬಂದ ‘ಹಾಫ್ ಲೈಫ್’ ನಿಂತದ್ದು ಕ್ವೇಕ್‌ನ ಎಂಜಿನ್, ಅಂದರೆ ಆಟವನ್ನು ಓಡಿಸುವ ಮೂಲ ಪ್ರೋಗ್ರಾಂ, ಬೆಳೆದ ರೂಪದ ಮೇಲೆ. ಮಿನ್ ಲೀ ಮತ್ತು ಜೆಸ್ ಕ್ಲಿಫ್ ಎಂಬಿಬ್ಬರು ಅದೇ ಹಾಫ್ ಲೈಫ್‌ಗೆ ಮಾಡಿದ ಮಾರ್ಪಾಡೇ ಕೌಂಟರ್ ಸ್ಟ್ರೈಕ್. ಅದರ ಮೊದಲ ಬೀಟಾ, ಅಂದರೆ ಪ್ರಯೋಗದ ಆವೃತ್ತಿ, 1999ರ ಜೂನ್‌ನಲ್ಲಿ ಹೊರಬಂತು. ನಮ್ಮ ಅಂಗಡಿಯಲ್ಲಿ ಇವತ್ತಿಗೂ ಓಡುವ 1.6 ಆವೃತ್ತಿ 2003ರದ್ದು.

ಈ ಹಳೆಯ ಆಟಗಳಲ್ಲೆಲ್ಲ ಒಂದು ತೊಡಕಿತ್ತು. ಕ್ವೇಕ್‌ನಲ್ಲಿ ಒಳ್ಳೆಯ ಬಂದೂಕು ಮತ್ತು ಕವಚ ಎಲ್ಲಿ ಬೀಳುತ್ತವೆ ಎಂದು ತಿಳಿದವನು ಅವನ್ನು ಕಾದುಕೊಂಡು ಎಲ್ಲರನ್ನೂ ತುಳಿಯುತ್ತಿದ್ದ. ಕೌಂಟರ್ ಸ್ಟ್ರೈಕ್‌ನಲ್ಲಿ ಗೆದ್ದ ತಂಡಕ್ಕೆ ಹೆಚ್ಚು ಹಣ, ಹಣವಿದ್ದವರಿಗೆ ಒಳ್ಳೆಯ ಬಂದೂಕು, ಒಳ್ಳೆಯ ಬಂದೂಕಿದ್ದವರಿಗೆ ಮತ್ತೆ ಗೆಲುವು. ಹೊಸಬ ಬಂದು ಕುಳಿತರೆ ಅರ್ಧ ಗಂಟೆಯಲ್ಲಿ ಮುಖ ಸಪ್ಪಗೆ ಮಾಡಿಕೊಂಡು ಎದ್ದುಹೋಗುತ್ತಿದ್ದ. ಇದನ್ನು ಸರಿಪಡಿಸಿದ್ದು ಆಟದ ಕಂಪನಿಯಲ್ಲ. ಸರ್ವರ್ (ಎಲ್ಲರ ಆಟವನ್ನೂ ಜೋಡಿಸುವ ಕಂಪ್ಯೂಟರ್) ನಡೆಸುವ, ಆಡುವ ಜನರೇ ಬರೆದ ಗನ್ ಗೇಮ್ ಪ್ಲಗಿನ್, ಅಂದರೆ ಆಟಕ್ಕೆ ಹೊರಗಿನಿಂದ ಸೇರಿಸುವ ಸಣ್ಣ ಪ್ರೋಗ್ರಾಂ, ಇದನ್ನು ಮಾಡಿತು. ಗೆದ್ದವನ ಕೈಯಿಂದ ಅವನು ಗೆದ್ದ ಬಂದೂಕನ್ನೇ ಕಿತ್ತುಕೊಂಡು, “ಈಗ ಇದರಲ್ಲಿ ತೋರಿಸು” ಎನ್ನುವ ಆಟ ಅದು. ಇಷ್ಟು ನ್ಯಾಯವಾದ ನಿಯಮವನ್ನು ನಾನು ಬೇರೆ ಯಾವ ಆಟದಲ್ಲೂ ಕಂಡಿಲ್ಲ.

ದೊಡ್ಡ ಕಂಪನಿಗಳು ನಂತರ ಇದನ್ನು ಎತ್ತಿಕೊಂಡವು. 2010ರ ನವೆಂಬರ್‌ನಲ್ಲಿ ಬಂದ ‘ಕಾಲ್ ಆಫ್ ಡ್ಯೂಟಿ: ಬ್ಲ್ಯಾಕ್ ಆಪ್ಸ್’ನಲ್ಲಿ 20 ಬಂದೂಕುಗಳ ಗನ್ ಗೇಮ್ ಇತ್ತು. 2012ರ ಆಗಸ್ಟ್‌ನಲ್ಲಿ ಬಂದ ಕೌಂಟರ್ ಸ್ಟ್ರೈಕ್: ಗ್ಲೋಬಲ್ ಅಫೆನ್ಸಿವ್ ಇದಕ್ಕೆ ‘ಆರ್ಮ್ಸ್ ರೇಸ್’ ಎಂಬ ಹೆಸರಿಟ್ಟು ಆಟದೊಳಗೇ ಸೇರಿಸಿತು, ಕೊನೆಯ ಮಟ್ಟಕ್ಕೆ ಚಿನ್ನದ ಚಾಕು ಕೊಟ್ಟಿತು. 2023ರ ಸೆಪ್ಟೆಂಬರ್‌ನಲ್ಲಿ ಕೌಂಟರ್ ಸ್ಟ್ರೈಕ್ 2 ಬಂದಾಗ ಆರ್ಮ್ಸ್ ರೇಸ್ ಅದರಲ್ಲಿರಲಿಲ್ಲ. 2024ರ ಫೆಬ್ರವರಿಯಲ್ಲಿ ಮರಳಿ ಬಂತು. ನಮ್ಮ ಯಂತ್ರಗಳಲ್ಲಿ ಅದು ಓಡುವುದಿಲ್ಲ. ನಮಗೆ 1.6 ಸಾಕು.

ಸರ್ವರ್ ಹಾಕುವುದು

ಅಂತರ್ಜಾಲ ಬೇಕಿಲ್ಲ. ಎರಡು ಕಂಪ್ಯೂಟರ್, ಒಂದು ಸ್ವಿಚ್, ಕೇಬಲ್ ಇದ್ದರೆ ಆಯಿತು. ಒಂದು ಯಂತ್ರವನ್ನು ಸರ್ವರ್ ಮಾಡಿ. ಅದರಲ್ಲಿ ಪ್ಲಗಿನ್ ಓಡಿಸಲು ಬೇಕಾದ ಮೆಟಾಮಾಡ್, ಎಎಂಎಕ್ಸ್ ಮಾಡ್ ಎಕ್ಸ್ ಎಂಬ ಎರಡನ್ನು ಆಟದ ಫೋಲ್ಡರಿಗೆ ಸೇರಿಸಿ, ಗನ್ ಗೇಮ್ ಪ್ಲಗಿನ್ ಕಡತವನ್ನು ಪ್ಲಗಿನ್‌ಗಳ ಫೋಲ್ಡರಿಗೆ ಹಾಕಿ, ಪ್ಲಗಿನ್‌ಗಳ ಪಟ್ಟಿಯಲ್ಲಿ ಅದರ ಹೆಸರು ಬರೆಯಿರಿ. ಹೆಸರಿನ ಒಂದು ಅಕ್ಷರ ತಪ್ಪಿದರೂ ಅದು ಏಳುವುದಿಲ್ಲ. ಉಳಿದ ಯಂತ್ರಗಳು ಸರ್ವರ್‌ನ ಐಪಿ ವಿಳಾಸ ಮತ್ತು 27015 ಎಂಬ ಪೋರ್ಟ್ ಸಂಖ್ಯೆ ಕೊಟ್ಟು ಸೇರಿಕೊಳ್ಳುತ್ತವೆ. ಐಪಿ ವಿಳಾಸಗಳನ್ನು ಸ್ಥಿರವಾಗಿ ಕೊಟ್ಟು ಪ್ರತಿ ಮಾನಿಟರಿನ ಮೇಲೆ ಚೀಟಿ ಅಂಟಿಸಿಬಿಡಿ. ಇಲ್ಲದಿದ್ದರೆ ಪ್ರತಿ ಸಲ ಕರೆಂಟ್ ಹೋಗಿ ಬಂದಾಗಲೂ ಹುಡುಕಾಟ ಶುರುವಾಗುತ್ತದೆ.

ಗನ್ ಗೇಮ್‌ನ ಸೆಟ್ಟಿಂಗ್ ಕಡತದಲ್ಲಿ ಮೂರನ್ನು ಮರೆಯದೆ ಆನ್ ಮಾಡಿ. ಸತ್ತ ಕೂಡಲೇ ಮರಳಿ ಹುಟ್ಟುವುದು ಮೊದಲನೆಯದು. ಮಟ್ಟ ಏರಿದ ಕ್ಷಣವೇ ಹೊಸ ಬಂದೂಕು ಕೈಗೆ ಬರುವುದು ಎರಡನೆಯದು. ಅದಕ್ಕೆ ಟರ್ಬೊ ಎಂದು ಹೆಸರು. ಚಾಕುವಿನಿಂದ ಮಟ್ಟ ಕದಿಯುವುದು ಮೂರನೆಯದು. ಹುಟ್ಟಿದ ಮೇಲೆ ಒಂದೆರಡು ಸೆಕೆಂಡು ಗುಂಡು ತಾಗದ ರಕ್ಷಣೆಯನ್ನೂ ಕೊಡಿ. ಇದಿಲ್ಲದೆ ಆಡಿಸಿದರೆ ಹೊಸಬರು ಹುಟ್ಟಿದಲ್ಲೇ ಸಾಯುತ್ತಾರೆ.

ಮ್ಯಾಪ್, ಅಂದರೆ ಕಾದಾಟದ ಅಂಗಳ, ಸಣ್ಣದಿರಲಿ. ಎಂಟು ಜನಕ್ಕೆ ಐಸ್‌ವರ್ಲ್ಡ್ ಹೇಳಿ ಮಾಡಿಸಿದ್ದು. ಹಿಮದ ಬಣ್ಣದ ಒಂದು ಚೌಕ, ನಡುವೆ ನಾಲ್ಕು ದಪ್ಪ ಕಟ್ಟೆಗಳು, ಅವುಗಳ ಮಧ್ಯೆ ಕೂಡುರಸ್ತೆಯಂಥ ಓಣಿ. ಹೊರಗೆ ಬಳ್ಳಾರಿಯ ಬಿಸಿಲು 40 ಡಿಗ್ರಿ ದಾಟಿರುವಾಗ ಎಂಟು ಪರದೆಗಳಲ್ಲಿ ಹಿಮ ಬೆಳಗುತ್ತಿರುವುದನ್ನು ನೋಡಲು ನನಗೆ ಇವತ್ತಿಗೂ ಇಷ್ಟ. ದೊಡ್ಡ ಮ್ಯಾಪ್ ಹಾಕಿದರೆ ಒಬ್ಬರನ್ನೊಬ್ಬರು ಹುಡುಕುವುದರಲ್ಲೇ ಹೊತ್ತು ಹೋಗುತ್ತದೆ.

ಯಂತ್ರದ ವಿಷಯದಲ್ಲಿ ನಮ್ಮ ಊರಿನವರಿಗೆ ಒಂದು ಮಾತು. ಇಲ್ಲಿನ ಕೆಂಪು ಧೂಳು ಫ್ಯಾನಿನ ರೆಕ್ಕೆಗೆ ಮೆತ್ತಿಕೊಂಡು ಗಟ್ಟಿಯಾಗುತ್ತದೆ. ಯಂತ್ರ ಕಾದು ಆಟ ತೊದಲತೊಡಗಿದರೆ ಹುಡುಗರು ನೆಟ್‌ವರ್ಕನ್ನು ಬೈಯುತ್ತಾರೆ. ಡಬ್ಬಿ ಬಿಚ್ಚಿ ನೋಡಿದರೆ ಧೂಳು. ತಿಂಗಳಿಗೊಮ್ಮೆ ಬ್ಲೋವರ್ ಹಿಡಿಯಿರಿ. ಮಿರ್ಚಿ, ಒಗ್ಗರಣೆ ಮಂಡಕ್ಕಿ ತಿಂದವರು ಕೈ ತೊಳೆಯದೆ ಮೌಸ್ ಮುಟ್ಟಬಾರದು. ಈ ಒಂದು ನಿಯಮದಲ್ಲಿ ನಾನು ಯಾರಿಗೂ ಸಡಿಲ ಕೊಡುವುದಿಲ್ಲ.

ಕೈಯಲ್ಲಿರುವ ಬಂದೂಕು ಏನು ಕೇಳುತ್ತಿದೆ

ಗುರಿ ಚೆನ್ನಾಗಿದ್ದವರೇ ಗನ್ ಗೇಮ್ ಗೆಲ್ಲುತ್ತಾರೆ ಎಂದು ಎಲ್ಲರೂ ಅಂದುಕೊಳ್ಳುತ್ತಾರೆ. ನನ್ನ ಎಂಟು ಪರದೆಗಳು ಬೇರೆ ಹೇಳುತ್ತವೆ. ಬಂದೂಕು ಬದಲಾದ ಕ್ಷಣವೇ ತನ್ನ ನಡಿಗೆಯನ್ನೂ ಬದಲಿಸಿಕೊಳ್ಳುವವರು ಗೆಲ್ಲುತ್ತಾರೆ. ಎಕೆ ಹಿಡಿದು ಗೆದ್ದ ಹುಮ್ಮಸ್ಸಿನಲ್ಲಿ ಅದೇ ಓಣಿಯಲ್ಲಿ ಅದೇ ರೀತಿ ನಿಂತವನ ಕೈಗೆ ಸ್ಕೌಟ್ ಬಂದಿರುತ್ತದೆ. ಸ್ಕೌಟ್‌ಗೆ ಗುರಿಯ ಗೆರೆ ಕಾಣುವುದು ಜೂಮ್ ಮಾಡಿದಾಗ ಮಾತ್ರ. ಅವನು ಅಭ್ಯಾಸಬಲದಿಂದ ಹಾಗೆಯೇ ಹೊಡೆದು ಸಾಯುತ್ತಾನೆ. ಹೊಸ ಬಂದೂಕು ಬಂದೊಡನೆ ಹತ್ತಿರದ ಕಟ್ಟೆಯ ಮರೆಗೆ ಒಂದು ಹೆಜ್ಜೆ ಇಟ್ಟು ಒಂದು ಉಸಿರು ತೆಗೆದುಕೊಳ್ಳಿ. ಒಂದೇ ಉಸಿರು. ಅಣ್ಣನ ಮಗಳಿಗೆ ಮೊದಲ ದಿನ ಕಲಿಸಿದ್ದು ಇಷ್ಟೇ.

ಸಾವಿಗೆ ಹೆದರಬೇಡಿ. ಮಟ್ಟ ಇಳಿಯುವುದಿಲ್ಲವಾದ್ದರಿಂದ ಸಾವಿನ ಬೆಲೆ ಮೂರು ಸೆಕೆಂಡು. ಮೂಲೆಯಲ್ಲಿ ಕುಳಿತು ಕಾಯುವ ಬೆಲೆ ಅರ್ಧ ನಿಮಿಷ. ಕೋಟೆ ಗುಡ್ಡ ಹತ್ತಿ ಕುಳಿತ ಪಾಳೆಯಗಾರನಂತೆ ಒಂದೇ ಕಡೆ ಕುಳಿತವನು ಸಾಯುವುದು ಕಡಿಮೆ, ಏರುವುದು ಇನ್ನೂ ಕಡಿಮೆ. ಇದು ಕಾಲದ ಓಟ.

ಪಿಸ್ತೂಲುಗಳಲ್ಲಿ ಓಡುತ್ತಲೇ ಇರಿ, ಹೊಡೆಯುವ ಗಳಿಗೆಯಲ್ಲಿ ಮಾತ್ರ ನಿಲ್ಲಿ. ಯುಎಸ್‌ಪಿಗೆ ಮೌಸ್‌ನ ಬಲ ಗುಂಡಿ ಒತ್ತಿದರೆ ಸದ್ದಡಗಿಸುವ ಸೈಲೆನ್ಸರ್ ಸೇರುತ್ತದೆ, ಆದರೆ ಅದನ್ನು ತಿರುಗಿಸಿ ಹಾಕುವಷ್ಟು ಹೊತ್ತು ನೀವು ಬರಿಗೈ. ಈ ಆಟದಲ್ಲಿ ಅದು ಬೇಡ. ಡೆಸರ್ಟ್ ಈಗಲ್‌ನಲ್ಲಿ ಏಳೇ ಗುಂಡು. ಒಂದು ಹೊಡೆದು ಕೈ ಮರಳಿ ನೆಲೆಗೆ ಬರುವವರೆಗೆ ತಡೆದು ಇನ್ನೊಂದು ಹೊಡೆಯಬೇಕು. ಪಟಪಟನೆ ಒತ್ತುವವರ ಗುಂಡೆಲ್ಲ ಗೋಡೆಗೆ. ಫೈವ್ ಸೆವೆನ್ ಮತ್ತು ಜೋಡಿ ಎಲೀಟ್ ಬಂದಾಗ ಹೆಚ್ಚಿನವರು ಸಿಕ್ಕಿಕೊಳ್ಳುತ್ತಾರೆ. ಫೈವ್ ಸೆವೆನ್‌ನ ಪೆಟ್ಟು ಬಲು ಮೆದು, ಎಲೀಟ್‌ನ ಗುರಿ ಚದುರುತ್ತದೆ. ಚಾಕು ಯಾವಾಗಲೂ ನಿಮ್ಮ ಬಳಿ ಇದ್ದೇ ಇರುತ್ತದೆ ಎಂಬುದನ್ನು ಇಲ್ಲಿ ನೆನಪಿಸಿಕೊಳ್ಳಿ. ಬೆನ್ನು ತೋರಿಸಿದ ಒಬ್ಬ ಸಿಕ್ಕರೆ ಪಿಸ್ತೂಲು ಒಳಗಿಟ್ಟು ಚಾಕು ತೆಗೆಯಿರಿ. ಕಷ್ಟದ ಮಟ್ಟ ದಾಟಿತು, ಎದುರಾಳಿಯ ಮಟ್ಟವೂ ಇಳಿಯಿತು. ಮುಂದಿರುವವನನ್ನು ಹಿಂದಕ್ಕೆ ಎಳೆಯಲು ಇರುವ ದಾರಿ ಇದೊಂದೇ, ಆದ್ದರಿಂದ ಟ್ಯಾಬ್ ಕೀ ಒತ್ತಿ ಯಾರು ಮುಂದಿದ್ದಾರೆ ಎಂದು ಆಗಾಗ ನೋಡುತ್ತಿರಿ.

ಶಾಟ್‌ಗನ್‌ಗಳಿಗೆ ಕಟ್ಟೆಯ ಮೂಲೆ ಬೇಕು. ತೆರೆದ ಓಣಿಗೆ ಬರಬೇಡಿ. ಮೂಲೆಗೆ ಅಂಟಿಕೊಂಡು, ಹೆಜ್ಜೆಯ ಸದ್ದು ಹತ್ತಿರ ಬಂದಾಗ ಹೊರಗೆ ಬನ್ನಿ. ಎಂ3 ಒಂದು ಸಲ ಹೊಡೆದರೆ ಮುಂದಿನದಕ್ಕೆ ತಡವಾಗುತ್ತದೆ, ಆದ್ದರಿಂದ ಮೊದಲ ಪೆಟ್ಟು ಮೈ ಸೋಕುವಷ್ಟು ಹತ್ತಿರದಿಂದಲೇ ಬೀಳಬೇಕು. ಟಿಎಂಪಿಯಿಂದ ಪಿ90ವರೆಗೆ ಎಲ್ಲವೂ ಓಟದ ಬಂದೂಕುಗಳು. ಪಿ90ಯಲ್ಲಿ 50 ಗುಂಡು. ಅಲ್ಲಿ ನುಗ್ಗಿ.

ರೈಫಲ್‌ಗಳಿಗೆ ಬಂದಾಗ ಆಟ ನಿಧಾನವಾಗಬೇಕು. ಎಕೆಯ ಗುಂಡಿ ಒತ್ತಿಯೇ ಹಿಡಿದರೆ ಬಾಯಿ ಮೇಲಕ್ಕೆ ಏರುತ್ತ ಹೋಗುತ್ತದೆ. ನಾಲ್ಕನೆಯ ಗುಂಡಿನಿಂದಾಚೆಗೆ ನಿಮ್ಮ ಮಾತು ಅದು ಕೇಳುವುದಿಲ್ಲ. ಇದನ್ನು ಎಷ್ಟು ಹೇಳಿದರೂ ಹೊಸಬರಿಗೆ ಹಿಡಿಯುತ್ತಿರಲಿಲ್ಲ. ಜೀನ್ಸ್ ಘಟಕದಲ್ಲಿ ಹೊಲಿಯುವ ಒಬ್ಬ ಹುಡುಗ ಒಂದು ದಿನ ಪಕ್ಕದ ಕುರ್ಚಿಯವನಿಗೆ ತನ್ನ ಕಾಲು ತೋರಿಸಿ ಹೇಳಿದ: “ಜೇಬಿನ ಮೂಲೆ ತಿರುಗಿಸುವಾಗ ಪೆಡಲ್ ಒತ್ತಿಯೇ ಇದ್ದರೆ ಹೊಲಿಗೆ ಎಲ್ಲಿಗೋ ಹೋಗುತ್ತದೆ. ಎರಡು ಹೊಲಿಗೆ, ಬಿಡು. ಬಟ್ಟೆ ತಿರುಗಿಸು. ಮತ್ತೆ ಎರಡು.” ಬೆರಳಿಗೂ ಅದೇ ಲೆಕ್ಕ. ಎರಡು ಮೂರು ಗುಂಡು, ಬಿಡಿ, ಮತ್ತೆ ಎರಡು ಮೂರು. ಆ ಹುಡುಗನ ಪರದೆಯನ್ನು ನಾನು ಹತ್ತಿರ ಹೋಗಿ ನೋಡಿದ್ದೇನೆ. ಗುರಿಯ ಗೆರೆ ಸದಾ ತಲೆಯ ಎತ್ತರದಲ್ಲೇ ಇರುತ್ತದೆ. ಖಾಲಿ ಓಣಿಯಲ್ಲಿ ನಡೆಯುವಾಗಲೂ ಅವನು ನೆಲ ನೋಡುವುದಿಲ್ಲ. ಮುಂದಿನ ಮೂಲೆಯಿಂದ ತಲೆ ಎಲ್ಲಿ ಮೂಡಬಹುದೋ ಅಲ್ಲಿಗೆ ಗೆರೆ ಇಟ್ಟುಕೊಂಡೇ ನಡೆಯುತ್ತಾನೆ. ಎಕೆಯ ಒಂದು ಗುಂಡು ತಲೆಗೆ ಬಿದ್ದರೆ ಹೆಲ್ಮೆಟ್ ಇದ್ದರೂ ಉಳಿಯುವುದಿಲ್ಲ. ಎಂ4ಗೆ ಆ ಬಲವಿಲ್ಲ. ಅಲ್ಲಿ ಎರಡನೆಯ ಗುಂಡನ್ನೂ ಲೆಕ್ಕಕ್ಕೆ ಹಿಡಿಯಿರಿ.

ಫಮಾಸ್‌ಗೆ ಬಲ ಗುಂಡಿ ಒತ್ತಿದರೆ ಮೂರು ಗುಂಡು ಒಟ್ಟಿಗೆ ಹೋಗುವ ಬಗೆ ಇದೆ, ದೂರದವರಿಗೆ ಒಳ್ಳೆಯದು. ಎಸ್‌ಜಿ552 ಮತ್ತು ಆಗ್‌ನಲ್ಲಿ ಜೂಮ್ ಮಾಡಿದರೆ ಗುಂಡು ಹಾರಿಸುವ ವೇಗ ಇಳಿಯುತ್ತದೆ, ಹತ್ತಿರದ ಜಗಳದಲ್ಲಿ ಜೂಮ್ ಬೇಡ. ಸ್ಕೌಟ್ ಹಿಡಿದವನು ಚಾಕು ಹಿಡಿದವನಿಗಿಂತಲೂ ವೇಗವಾಗಿ ಓಡುತ್ತಾನೆ. ಆ ವೇಗವನ್ನು ಜಾಗ ಬದಲಿಸಲು ಬಳಸಿ, ನಿಂತು, ತಲೆ ಹುಡುಕಿ, ಒಂದೇ ಗುಂಡು. ಎಂ249ರಲ್ಲಿ 100 ಗುಂಡುಗಳಿವೆ. ಅದನ್ನು ಮರಳಿ ತುಂಬಲು ಹೊರಟರೆ ನಡುವೆ ಯಾರಾದರೂ ಬಂದೇ ಬರುತ್ತಾರೆ.

ತುಂಬುವ ಮಾತು ಬಂತು. ಇತರ ಆಟಗಳಿಂದ ಬಂದವರಿಗೆ ಒಬ್ಬನನ್ನು ಕೆಡವಿದ ಕೂಡಲೇ ಗುಂಡು ತುಂಬುವ ಆರ್ ಕೀ ಒತ್ತುವ ಚಟ ಇರುತ್ತದೆ. ಟರ್ಬೊದಲ್ಲಿ ಹೊಸ ಬಂದೂಕು ತುಂಬಿಕೊಂಡೇ ಕೈಗೆ ಬರುತ್ತದೆ. ಕೊಂದ ಮೇಲೆ ಆರ್ ಬೇಡ, ಹಿಂದಿರುಗಿ ನೋಡಿ. ನೀವು ಈಗ ತಾನೇ ಕೆಡವಿದವನು ಮೂರು ಸೆಕೆಂಡಿನಲ್ಲಿ ಎಲ್ಲೋ ಒಂದು ಕಡೆ ಎದ್ದಿರುತ್ತಾನೆ, ನೀವೆಲ್ಲಿದ್ದೀರಿ ಎಂದು ಅವನಿಗೆ ಗೊತ್ತು.

ಗ್ರೆನೇಡ್

22ನೆಯ ಮಟ್ಟ ಎಲ್ಲರನ್ನೂ ಹಣ್ಣು ಮಾಡುತ್ತದೆ. 21 ಮಟ್ಟಗಳನ್ನು ಹತ್ತು ನಿಮಿಷದಲ್ಲಿ ದಾಟಿ ಬಂದವನು ಇಲ್ಲಿ ಐದು ನಿಮಿಷ ನಿಂತುಬಿಡುತ್ತಾನೆ, ಹಿಂದಿದ್ದವರೆಲ್ಲ ಬಂದು ಸೇರಿಕೊಳ್ಳುತ್ತಾರೆ. ಇಲ್ಲಿ ಚಾಕುವಿನಿಂದ ಹಾರಿ ದಾಟಲು ನಮ್ಮ ಅಂಗಡಿಯಲ್ಲಿ ಅವಕಾಶವಿಲ್ಲ.

ಕಾರಣ ಸರಳ. ಕವಚ ತೊಟ್ಟ, ಒಂದೂ ಪೆಟ್ಟು ತಿನ್ನದ ಎದುರಾಳಿಯನ್ನು ಒಂದು ಗ್ರೆನೇಡ್ ಕೊಲ್ಲುವುದಿಲ್ಲ. ಆದ್ದರಿಂದ ಹಸಿ ಎದುರಾಳಿಯ ಮೇಲೆ ಎಸೆದು ವ್ಯರ್ಥ ಮಾಡಬೇಡಿ. ಜಗಳ ನಡೆಯುತ್ತಿರುವ ಕಡೆಗೆ ಕಿವಿ ಕೊಡಿ. ಇಬ್ಬರು ಪರಸ್ಪರ ಗುಂಡು ಹಾರಿಸುತ್ತಿದ್ದರೆ ಇಬ್ಬರೂ ಗಾಯಗೊಂಡಿರುತ್ತಾರೆ. ಆ ಓಣಿಯ ಗೋಡೆಗೆ ಬಡಿದು ಒಳಗೆ ಉರುಳುವಂತೆ ಎಸೆಯಿರಿ. ಗುಂಡಿ ಬಿಟ್ಟ ಮೇಲೆ ಸಿಡಿಯಲು ಒಂದೂವರೆ ಸೆಕೆಂಡಿನಷ್ಟು ಬೇಕು, ಹಾಗಾಗಿ ಎದುರಾಳಿ ಇರುವ ಜಾಗಕ್ಕಲ್ಲ, ಹೋಗಲಿರುವ ಜಾಗಕ್ಕೆ ಹೋಗಬೇಕು. ಈ ಮಟ್ಟದಲ್ಲಿ ಒಂದು ಗ್ಲಾಕ್ ಕೂಡ ಕೊಡುವ ಸೆಟ್ಟಿಂಗ್ ಇದೆ; ನಾನು ಅದನ್ನು ಆನ್ ಇಟ್ಟಿದ್ದೇನೆ. ಗ್ಲಾಕ್‌ನಿಂದ ಎರಡು ಮೂರು ಗುಂಡು ಹೊಡೆದು ಮೆತ್ತಗೆ ಮಾಡಿ, ಆಮೇಲೆ ಗ್ರೆನೇಡ್. ಗ್ಲಾಕ್‌ನಿಂದಲೇ ಕೊಂದುಬಿಡಬಾರದು, ತಡೆದುಕೊಳ್ಳಿ.

ಚಾಕು

ಯಾರಾದರೂ ಕೊನೆಯ ಮಟ್ಟಕ್ಕೆ ಬಂದರೆ ಎಲ್ಲರ ಹೆಡ್‌ಫೋನಿನಲ್ಲೂ ಸದ್ದಾಗುತ್ತದೆ. ಅಂಗಡಿಯ ಗದ್ದಲ ಆ ಕ್ಷಣದಲ್ಲಿ ನಿಲ್ಲುತ್ತದೆ. ಕನ್ನಡ ತೆಲುಗು ಎರಡರಲ್ಲೂ ಕೂಗಾಡುತ್ತಿದ್ದವರು ಒಮ್ಮೆಗೇ ಸುಮ್ಮನಾಗಿ, ಬೆನ್ನನ್ನು ಗೋಡೆಗೆ ಹಚ್ಚುತ್ತಾರೆ.

ಎಡ ಗುಂಡಿಯ ಬೀಸು ಸ್ವಲ್ಪ ದೂರದಿಂದಲೂ ತಾಗುತ್ತದೆ, ಪೆಟ್ಟು ಸಣ್ಣದು. ಬಲ ಗುಂಡಿಯ ತಿವಿತಕ್ಕೆ ಇನ್ನೊಂದು ಹೆಜ್ಜೆ ಹತ್ತಿರ ಹೋಗಬೇಕು, ಆದರೆ ಅದು ಬೆನ್ನಿಗೆ ಬಿದ್ದರೆ ಒಂದೇ ಏಟಿಗೆ ಕೆಲಸ ಮುಗಿಯುತ್ತದೆ. ಎದುರಿನಿಂದ ಓಡಿ ಹೋಗಬೇಡಿ, ನೂರಕ್ಕೆ ತೊಂಬತ್ತು ಸಲ ಸಾಯುತ್ತೀರಿ. ಶಿಫ್ಟ್ ಒತ್ತಿ ನಡೆದರೆ ಹೆಜ್ಜೆಯ ಸದ್ದು ಇರುವುದಿಲ್ಲ. ದೂರವನ್ನು ಓಡಿ ದಾಟಿ, ಕೊನೆಯ ಹತ್ತು ಹೆಜ್ಜೆಯನ್ನು ನಡೆಯಿರಿ. ಸ್ಕೌಟ್ ಹಿಡಿದು ಜೂಮ್ ಮಾಡಿದವನು, ಎಂ249 ತುಂಬಿಸಿಕೊಳ್ಳುತ್ತಿರುವವನು, ಗ್ರೆನೇಡ್ ಎಸೆಯಲು ಜಾಗ ಹುಡುಕುತ್ತಿರುವವನು, ಈ ಮೂವರನ್ನು ಹುಡುಕಿ. ಯಾರು ನಿಮ್ಮನ್ನೇ ಹುಡುಕುತ್ತಿದ್ದಾರೋ ಅವರ ತಂಟೆಗೆ ಹೋಗಬೇಡಿ. ಇನ್ನು ನೀವು ಚಾಕು ಹಿಡಿದವರನ್ನು ತಡೆಯುವ ಕಡೆಯಲ್ಲಿದ್ದರೆ, ಜೂಮ್ ಬಿಡಿ, ಬೆನ್ನಿಗೆ ಗೋಡೆ ಇಟ್ಟುಕೊಳ್ಳಿ, ಒಂಟಿಯಾಗಿ ನಿಲ್ಲಬೇಡಿ.

ಮೊಬೈಲಿನಲ್ಲೇ ಆಡುವವರಿಗೆ 2019ರ ಅಕ್ಟೋಬರ್‌ನಲ್ಲಿ ಬಂದ ‘ಕಾಲ್ ಆಫ್ ಡ್ಯೂಟಿ: ಮೊಬೈಲ್’ನಲ್ಲೂ ಗನ್ ಗೇಮ್ ಉಂಟು. ಬಂದೂಕುಗಳು ಬೇರೆ, ಬೆರಳಿನ ಅಭ್ಯಾಸ ಬೇರೆ. ಬಂದೂಕಿಗೆ ತಕ್ಕಂತೆ ನಡಿಗೆ ಬದಲಿಸುವುದು, ಕೊಂದ ಮೇಲೆ ಹಿಂದಿರುಗಿ ನೋಡುವುದು ಅಲ್ಲಿಯೂ ನಡೆಯುತ್ತದೆ.

ಅಣ್ಣನ ಮಗಳು ಮೊದಲ ಸಲ 23ನೆಯ ಮಟ್ಟಕ್ಕೆ ಬಂದದ್ದು ಮೇ ತಿಂಗಳ ಒಂದು ಮಧ್ಯಾಹ್ನ. ಕರೆಂಟ್ ಹೋಗಿತ್ತು, ಯುಪಿಎಸ್ ಬೀಪ್ ಎನ್ನುತ್ತಿತ್ತು, ಹೆಚ್ಚೆಂದರೆ ಹತ್ತು ನಿಮಿಷದ ಆಟ ಉಳಿದಿತ್ತು. ನಾಲ್ಕು ಸಲ ಓಡಿ ಹೋಗಿ ನಾಲ್ಕೂ ಸಲ ಸತ್ತಳು. ಐದನೆಯ ಸಲ ಹುಟ್ಟಿದಾಗ ಎಡಗಡೆಯ ಕಟ್ಟೆಯ ಹಿಂದೆ ನಿಂತಳು. ಪಕ್ಕದ ಓಣಿಯಲ್ಲಿ ಎಂ249 ಗರ್ಜಿಸುತ್ತಿತ್ತು. ಅವಳು ಕದಲಲಿಲ್ಲ. ಎಡಗೈಯ ಕಿರುಬೆರಳು ಶಿಫ್ಟ್ ಮೇಲೆ, ತುಟಿ ಕಚ್ಚಿಕೊಂಡಿದ್ದಾಳೆ, ತಲೆ ಒಂದಿಷ್ಟು ಓರೆ, ಕೇಳುತ್ತಿದ್ದಾಳೆ. ಗರ್ಜನೆ ನಿಂತು, ಗುಂಡಿನ ಪೆಟ್ಟಿಗೆ ಕಳಚುವ ಲೋಹದ ಸದ್ದು ಬಂತು. ಆಗ ಹೊರಟಳು. ಓಡಲಿಲ್ಲ, ನಡೆದಳು. ಆ ಬಂದೂಕು ಹಿಡಿದಿದ್ದ ಹೊಲಿಗೆಯ ಹುಡುಗ ಅವಳಿಂದ ಎರಡೇ ಕುರ್ಚಿ ಆಚೆ ಕುಳಿತಿದ್ದ. ಅವನ ಪರದೆಯಲ್ಲಿ ಹಿಮದ ಖಾಲಿ ಓಣಿ ಕಾಣುತ್ತಿತ್ತು, ಅವಳ ಪರದೆಯಲ್ಲಿ ಅವನ ಬೆನ್ನು ದೊಡ್ಡದಾಗುತ್ತ ಬಂತು. ನನಗೆ ಎರಡೂ ಕಾಣುತ್ತಿದ್ದವು. ಬಲ ಗುಂಡಿಯ ಸದ್ದು ಕೌಂಟರಿನವರೆಗೆ ಕೇಳಿಸಿತು.

“ಅತ್ತೆ!” ಎಂದು ಕೂಗಿದಳು. ಹುಡುಗ ಹೆಡ್‌ಫೋನ್ ತೆಗೆದಿಟ್ಟು ಎದ್ದು ಬಂದು, “ತುಂಬುವ ಸದ್ದು ಕೇಳಿಯೇ ಬಂದೆಯಾ?” ಎಂದು ಕೇಳಿದ. ಹೌದೆಂದು ತಲೆಯಾಡಿಸಿದಳು. ಅಷ್ಟರಲ್ಲಿ ಮುಂದಿನ ಮ್ಯಾಪ್ ಏರಿ, ಎಂಟೂ ಪರದೆಗಳಲ್ಲಿ ಎಲ್ಲರ ಕೈಗೂ ಮತ್ತೆ ಗ್ಲಾಕ್ ಬಂದಿತ್ತು.